ಹೆಸರಿನ ಅರ್ಥ, ಹೆಸರಿಟ್ಟ ಸಂದರ್ಭ: ನಾಮಕೋಶಗಳ ಒಂದು ಪರಿಶೀಲನೆ

ಪಂಚಾಂಗ, ವ್ರತಕಥೆ, ಹಲ್ಲಿಶಕುನ, ಕನಸಿನ ಫಲಗಳ ಪುಸ್ತಿಕೆಗಳ ಸಾಲಿನಲ್ಲಿಯೇ ಮಾರಾಟವಾಗುವ ಇನ್ನೊಂದು ಬಗೆಯ ಪುಸ್ತಿಕೆ ಕನ್ನಡದ ಜನಪ್ರಿಯ ಮುದ್ರಣ ಪರಂಪರೆಯಲ್ಲಿದೆ. ಮಕ್ಕಳಿಗೆ ಇಡಬಹುದಾದ ಹೆಸರುಗಳನ್ನು ಅಕಾರಾದಿಯಾಗಿ ಜೋಡಿಸಿ, ಪ್ರತಿಯೊಂದು ಹೆಸರಿನ ಎದುರಿಗೆ ಒಂದೆರಡು ಪದಗಳ ಅರ್ಥವನ್ನು ನೀಡುವ ನಾಮಕೋಶ ಅದು. ಬಸ್ ನಿಲ್ದಾಣದ ಪುಸ್ತಕದಂಗಡಿಯಿಂದ ಹಿಡಿದು ಜಾತ್ರೆಯ ಬಯಲಿನವರೆಗೆ ಇದು ದೊರೆಯುತ್ತದೆ. ಬಾಣಂತಿಯ ಮನೆಯನ್ನು ಪ್ರವೇಶಿಸಿ, ತೊಟ್ಟಿಲ ಶಾಸ್ತ್ರದ ಹಿಂದಿನ ದಿನ ಎಲ್ಲರ ಕೈಗಳಲ್ಲಿ ಓಡಾಡಿ, ಆಮೇಲೆ ಎಲ್ಲಿಯೋ ಕಳೆದುಹೋಗುತ್ತದೆ. ಗ್ರಂಥಾಲಯಗಳು ಇದನ್ನು ಸಂಗ್ರಹಯೋಗ್ಯವೆಂದು ಭಾವಿಸಿದ್ದು ವಿರಳ. ವಿಮರ್ಶೆಯೂ ಇತ್ತ ಕಣ್ಣು ಹಾಯಿಸಿದ್ದು ಕಡಿಮೆ. ಆದರೆ ಒಂದು ವಿಷಯದಲ್ಲಿ ಈ ಪುಸ್ತಿಕೆಯ ಪ್ರಭಾವ ಶಾಸ್ತ್ರಗ್ರಂಥಗಳ ಪ್ರಭಾವವನ್ನೂ ಮೀರುವಂಥದು. ಇದರಲ್ಲಿ ಅಚ್ಚಾದ ಅರ್ಥವನ್ನೇ ಮಗು ಬೆಳೆದ ಮೇಲೆ ತನ್ನ ಹೆಸರಿನ ಅರ್ಥವೆಂದು ಹೇಳಿಕೊಳ್ಳುತ್ತದೆ. ಕೇಳಿದವರು ಅದನ್ನೇ ಬರೆದುಕೊಳ್ಳುತ್ತಾರೆ. ಹಾಗೆ ಬರೆದುಕೊಳ್ಳುವವರಲ್ಲಿ ಕ್ಷೇತ್ರಕಾರ್ಯ ಮಾಡುವ ಸಂಶೋಧಕರೂ ಸೇರಿದ್ದಾರೆ ಎಂಬುದು ಈ ಪರಿಶೀಲನೆಗೆ ಮುಖ್ಯ ಕಾರಣ.

ನಾಮಕೋಶದ ಅರ್ಥಗಳು ಎಲ್ಲಿಂದ ಬರುತ್ತವೆ? ಇದಕ್ಕೆ ಉತ್ತರಿಸಬೇಕಾದರೆ ಅದರ ರಚನೆಯನ್ನು ಗಮನಿಸಬೇಕು. ಬಹುಪಾಲು ಪುಸ್ತಿಕೆಗಳ ಆರಂಭದಲ್ಲಿ ನಕ್ಷತ್ರಪಾದಗಳ ಅಕ್ಷರಗಳನ್ನು ತೋರಿಸುವ ಅವಕಹಡ ಚಕ್ರವಿರುತ್ತದೆ. ಅಶ್ವಿನಿಗೆ ಚೂ, ಚೇ, ಚೋ, ಲಾ. ಆರ್ದ್ರೆಗೆ ಕು, ಘ, ಙ, ಛ. ಹಸ್ತಕ್ಕೆ ಪು, ಷ, ಣ, ಠ. ಉತ್ತರಾಭಾದ್ರೆಗೆ ದು, ಥ, ಝ, ಞ. ಜನ್ಮಪಾದದ ಅಕ್ಷರದಿಂದ ಹೆಸರು ಆರಂಭವಾಗಬೇಕೆಂಬುದು ನಿಯಮ. ಆದರೆ ಙ, ಣ, ಞ ಅಕ್ಷರಗಳಿಂದ ಆರಂಭವಾಗುವ ಬಳಕೆಯ ಪದಗಳು ಕನ್ನಡದಲ್ಲಿಲ್ಲ, ಸಂಸ್ಕೃತದಲ್ಲಿಯೂ ಇಲ್ಲವೆಂದೇ ಹೇಳಬೇಕು. ಛ, ಠ, ಥ, ಝಗಳಿಂದ ಆರಂಭವಾಗುವವು ಬೆರಳೆಣಿಕೆಯವು. ಹಳೆಯ ಪುರೋಹಿತರು ಇಂತಹ ಪ್ರಸಂಗಗಳಲ್ಲಿ ಹತ್ತಿರದ ಅಕ್ಷರವೊಂದನ್ನು ಒಪ್ಪಿಸಿ ಸಮಾಧಾನ ಮಾಡುತ್ತಿದ್ದರು. ಜನ್ಮನಾಮ ಬೇರೆ, ವ್ಯಾವಹಾರಿಕ ನಾಮ ಬೇರೆ ಎಂಬ ಅನುಕೂಲವೂ ಅವರಿಗಿತ್ತು. ಅಚ್ಚಿನ ಪುಸ್ತಿಕೆಗೆ ಈ ಅನುಕೂಲವಿಲ್ಲ. ಪ್ರತಿ ಅಕ್ಷರದ ಅಡಿಯಲ್ಲಿಯೂ ಅದು ಕೆಲವು ಹೆಸರುಗಳನ್ನು ತೋರಿಸಲೇಬೇಕು, ಪ್ರತಿ ಹೆಸರಿನ ಎದುರಿಗೂ ಅರ್ಥವನ್ನು ಕೊಡಲೇಬೇಕು. ಖಾಲಿ ಬಿಟ್ಟ ಅಂಕಣ ಕೊಳ್ಳುವವರಿಗೆ ಒಪ್ಪಿತವಾಗುವುದಿಲ್ಲ. ಇದರ ಮೇಲೆ, ಬೇರೆ ಯಾರಿಗೂ ಇಲ್ಲದ ಹೆಸರು ತಮ್ಮ ಮಗುವಿಗೆ ಬೇಕೆಂಬ ಹೊಸ ಕಾಲದ ಅಪೇಕ್ಷೆಯೂ ಸೇರಿತು. ಪದವಿಲ್ಲದ ಕಡೆ ಪದವನ್ನೂ ಅರ್ಥವಿಲ್ಲದ ಕಡೆ ಅರ್ಥವನ್ನೂ ತುಂಬಬೇಕಾದ ಒತ್ತಡ ಈ ಪ್ರಕಾರದ ಒಳಗೇ ಇದೆ. ಸಂಪಾದಕರ ಅಜಾಗ್ರತೆ ಎರಡನೆಯ ಮಾತು.

ಪ್ರಾಚೀನ ಶಾಸ್ತ್ರಗಳ ದೃಷ್ಟಿ ಇದಕ್ಕಿಂತ ಭಿನ್ನವಾಗಿತ್ತು ಎಂಬುದನ್ನು ಇಲ್ಲಿ ನೆನೆಯಬಹುದು. ಪಾರಸ್ಕರ ಗೃಹ್ಯಸೂತ್ರ ಗಂಡುಮಗುವಿನ ಹೆಸರಿಗೆ ಎರಡು ಇಲ್ಲವೆ ನಾಲ್ಕು ಅಕ್ಷರಗಳಿರಬೇಕು, ಆದಿಯಲ್ಲಿ ಘೋಷವರ್ಣವಿರಬೇಕು, ನಡುವೆ ಅಂತಸ್ಥವಿರಬೇಕು, ಹೆಸರು ಕೃದಂತವಾಗಿರಬೇಕು ಎಂದು ವಿಧಿಸುತ್ತದೆ. ಹೆಣ್ಣುಮಗುವಿಗೆ ಬೆಸ ಸಂಖ್ಯೆಯ ಅಕ್ಷರಗಳನ್ನು ಹೇಳುತ್ತದೆ. ಅಲ್ಲಿ ಮೊದಲ ಗಮನ ನಾದಕ್ಕೆ ಮತ್ತು ಶಬ್ದರೂಪಕ್ಕೆ. ಅರ್ಥದ ಮಾತು ಸ್ಪಷ್ಟವಾಗಿ ಬರುವುದು ಮನುಸ್ಮೃತಿಯಲ್ಲಿ, ಅದೂ ವರ್ಣಭೇದವನ್ನು ಹೊತ್ತುಕೊಂಡು. ಆ ವಿಚಾರಕ್ಕೆ ಮುಂದೆ ಮರಳಬೇಕಾಗುತ್ತದೆ.

ನಾಮಕೋಶದ ದೋಷಗಳಿಗೆ ಅತ್ಯಂತ ಸ್ವಾರಸ್ಯಕರವಾದ ನಿದರ್ಶನ ‘ಆರವ’. ಈಚಿನ ವರ್ಷಗಳಲ್ಲಿ ‘ಆರವ್’ ಎಂಬ ಹಲಂತ ರೂಪದಲ್ಲಿ ಇದು ಕನ್ನಡ ಮನೆಗಳಿಗೂ ಬಂದಿದೆ. ಪುಸ್ತಿಕೆಗಳು ಇದಕ್ಕೆ ಶಾಂತ, ಶಾಂತಿಯುತ ಎಂಬ ಅರ್ಥವನ್ನು ಕೊಡುತ್ತವೆ. ಸಂಸ್ಕೃತದಲ್ಲಿ ‘ರು’ ಧಾತುವಿಗೆ ಸದ್ದು ಮಾಡು, ಕೂಗು ಎಂದರ್ಥ. ಅದರಿಂದ ‘ರವ’, ‘ಆ’ ಉಪಸರ್ಗ ಸೇರಿ ‘ಆರವ’. ಮೋನಿಯರ್ ವಿಲಿಯಮ್ಸ್ ಕೋಶದಲ್ಲಿ ಇದಕ್ಕೆ ಕೂಗು, ಅರಚಾಟ, ಗದ್ದಲ ಎಂಬ ಅರ್ಥಗಳಿವೆ. ಕಲರವ ಬಲ್ಲ ಕನ್ನಡಿಗರಿಗೆ ಈ ‘ರವ’ ಅಪರಿಚಿತವೇನಲ್ಲ. ಹಾಗಿದ್ದರೆ ಗದ್ದಲ ಶಾಂತಿಯಾದದ್ದು ಹೇಗೆ? ಪದದ ಆದಿಯ ದೀರ್ಘವನ್ನು ಯಾರೋ ನಿಷೇಧಾರ್ಥದ ಹ್ರಸ್ವ ‘ಅ’ ಎಂದು ಗ್ರಹಿಸಿ, ‘ರವವಿಲ್ಲದ್ದು’ ಎಂದು ಬಿಡಿಸಿಕೊಂಡಿರುವ ಸಾಧ್ಯತೆ ಹೆಚ್ಚು. ರೋಮನ್ ಲಿಪಿಯಲ್ಲಿ ಹ್ರಸ್ವ-ದೀರ್ಘಗಳ ಭೇದ ಅಳಿಸಿಹೋಗುವುದು ಇಂತಹ ತಪ್ಪಿಗೆ ದಾರಿ. ಒಮ್ಮೆ ಅಚ್ಚಾದ ಮೇಲೆ ಒಂದು ಪುಸ್ತಿಕೆಯಿಂದ ಇನ್ನೊಂದಕ್ಕೆ ಅದು ನಕಲಾಗುತ್ತ ಹೋಯಿತು. ತೊಟ್ಟಿಲಲ್ಲಿ ಮಲಗಿ ಊರಿಗೆ ಕೇಳುವಂತೆ ಅಳುವ ಕೂಸಿಗೆ ನಿಘಂಟಿನ ಅರ್ಥವೇ ಹೆಚ್ಚು ಒಪ್ಪುತ್ತದೆ ಎಂಬುದು ಬೇರೆ ಮಾತು.

ಇದೇ ಜಾತಿಯ ಇತರ ಉದಾಹರಣೆಗಳನ್ನು ವಿಸ್ತರಿಸುವ ಅಗತ್ಯವಿಲ್ಲ. ‘ಜೀವಿಕಾ’ ಎಂದರೆ ಜೀವನೋಪಾಯ, ಹೊಟ್ಟೆಪಾಡಿನ ವೃತ್ತಿ. ಪುಸ್ತಿಕೆಗಳಲ್ಲಿ ಅದು ನೀರು, ಜೀವಸೆಲೆ. ‘ಶ್ರೇಯಸ್’ ಶಬ್ದದ ಸ್ತ್ರೀರೂಪ ‘ಶ್ರೇಯಸೀ’. ‘ಶ್ರೇಯಾ’ ಆಧುನಿಕ ಬಳಕೆಯ ಸೃಷ್ಟಿ. ‘ಕೃತಿಕಾ’ ಎಂದು ಬರೆದು ನಕ್ಷತ್ರದ ಹೆಸರೆನ್ನುವವರು ‘ಕೃತ್ತಿಕಾ’ದ ಒಂದು ತಕಾರವನ್ನು ಕಳೆದುಕೊಂಡಿದ್ದಾರೆ. ‘ಅನಘ’ ಮಹಾಪ್ರಾಣ ಕಳೆದುಕೊಂಡು ‘ಅನಗ’ವಾದರೆ ಪಾಪರಹಿತವೆಂಬ ಅರ್ಥವೂ ಹೋಯಿತು. ‘ನಿಕಿತಾ’ ಸ್ಲಾವಿಕ್ ಜಗತ್ತಿನಲ್ಲಿ ಗಂಡಸಿನ ಹೆಸರು, ಅದರ ಮೂಲ ಜಯವಾಚಿಯಾದ ಗ್ರೀಕ್ ಶಬ್ದ. ಇಲ್ಲಿ ಅದು ಭೂಮಿ ಎಂಬ ಅರ್ಥದ ಸಂಸ್ಕೃತ ಪದವಾಗಿ ಹೆಣ್ಣುಮಕ್ಕಳ ಪಟ್ಟಿಯಲ್ಲಿದೆ. 2016ರ ‘ಕಿರಿಕ್ ಪಾರ್ಟಿ’ ಚಿತ್ರದ ನಾಯಕಿಯ ಹೆಸರಾಗಿ ಕನ್ನಡಿಗರಿಗೆ ಪರಿಚಿತವಾದ ‘ಸಾನ್ವಿ’ಗೆ ಲಕ್ಷ್ಮಿ ಎಂಬ ಅರ್ಥವನ್ನು ಹೇಳಲಾಗುತ್ತದೆ. ಅಮರಕೋಶ ಲಕ್ಷ್ಮಿಯ ಹೆಸರುಗಳನ್ನು ಸಾಲಾಗಿ ಕೊಡುತ್ತದೆ. ಆ ಸಾಲಿನಲ್ಲಿ ಸಾನ್ವಿ ಇಲ್ಲ.

ಇಷ್ಟನ್ನು ನಿಘಂಟು ತೆರೆದು ಯಾರಾದರೂ ಹೇಳಬಹುದು. ತೊಡಕು ಆರಂಭವಾಗುವುದು ನಿಘಂಟನ್ನೇ ಅಂತಿಮ ಪ್ರಮಾಣವೆಂದು ಹಿಡಿದಾಗ. ‘ಅಸ್ಮಿತಾ’ ಯೋಗಸೂತ್ರಗಳ ಪ್ರಕಾರ ಪಂಚಕ್ಲೇಶಗಳಲ್ಲಿ ಒಂದು. ಅವಿದ್ಯೆ, ರಾಗ, ದ್ವೇಷ, ಅಭಿನಿವೇಶಗಳ ಜೊತೆ ಎಣಿಸಲಾದ ಅಹಂಭಾವ. ಆದರೆ ಆಧುನಿಕ ಕನ್ನಡದಲ್ಲಿ ಅಸ್ಮಿತೆ ಎಂದರೆ ತನ್ನತನ, ಸ್ವಂತ ಗುರುತು. ಮಗಳಿಗೆ ಈ ಹೆಸರಿಟ್ಟವರು ಪತಂಜಲಿಯನ್ನು ಓದಿಲ್ಲವೆಂದು ಆಕ್ಷೇಪಿಸುವುದು ಭಾಷೆಯ ಚಲನೆಯನ್ನೇ ನಿರಾಕರಿಸಿದಂತೆ. ‘ಅನಿಕೇತನ’ದ ಸಂಗತಿ ಇದಕ್ಕಿಂತ ಖಚಿತವಾದುದು. ಕೋಶದ ಅರ್ಥ ಮನೆಯಿಲ್ಲದವನು. ಕನ್ನಡದ ತಂದೆತಾಯಿಗಳು ಅದನ್ನು ಎತ್ತಿಕೊಂಡದ್ದು ಕೋಶದಿಂದಲ್ಲ, ಕುವೆಂಪು ಅವರ ಕವಿತೆಯಿಂದ. ಆ ಕವಿತೆಯನ್ನು ಬಿಟ್ಟರೆ ಹೆಸರಿಗೆ ಅರ್ಥವೇ ಇಲ್ಲ. ಪದದ ಅರ್ಥ ಬೇರೆ, ಹೆಸರಿನ ಅರ್ಥ ಬೇರೆ ಎಂಬ ಭೇದ ಇಲ್ಲಿ ಮೊದಲ ಬಾರಿಗೆ ಸ್ಪಷ್ಟವಾಗುತ್ತದೆ.

ಮೂಲಭಾಷೆಯನ್ನು ಸೂಚಿಸುವ ‘ಸಂ’, ‘ಕ’ ಎಂಬ ಸಂಕ್ಷೇಪಾಕ್ಷರಗಳೂ ಇಷ್ಟೇ ಅಪೂರ್ಣ. ‘ಮೀನಾಕ್ಷಿ’, ‘ನೀರಜಾ’ ಸಂಸ್ಕೃತ ಸಮಾಸಗಳೆಂಬುದು ನಿಜ, ಆದರೆ ಮೀನ, ನೀರ ಶಬ್ದಗಳು ಸಂಸ್ಕೃತಕ್ಕೆ ಬಂದದ್ದು ದ್ರಾವಿಡದಿಂದ ಎಂಬುದು ಬರೋ ಮತ್ತು ಎಮೆನೋ ಅವರ ದ್ರಾವಿಡ ವ್ಯುತ್ಪತ್ತಿ ಕೋಶದ (1961, ಪರಿಷ್ಕೃತ ಆವೃತ್ತಿ 1984) ಓದುಗರಿಗೆ ತಿಳಿದ ವಿಚಾರ. ಇದಕ್ಕೆ ವಿರುದ್ಧವಾಗಿ, ಅಚ್ಚಗನ್ನಡವೆಂದು ಪ್ರೀತಿಯಿಂದ ಇಡುವ ‘ಸಿರಿ’ ಸಂಸ್ಕೃತದ ‘ಶ್ರೀ’ಯ ತದ್ಭವ. ‘ಇಂಚರ’ದಲ್ಲಿ ಕನ್ನಡದ ‘ಇನ್’ ಮತ್ತು ಸ್ವರದ ತದ್ಭವವಾದ ‘ಸರ’ ಕೂಡಿವೆ. ಸಕಾರ ಚಕಾರವಾದದ್ದು ಕನ್ನಡದ ಸಂಧಿನಿಯಮದಿಂದ. ಇಂತಹ ಹೆಸರಿಗೆ ಒಂದೇ ಸಂಕ್ಷೇಪಾಕ್ಷರ ಸಾಲದು. ‘ಶಾಂತಲಾ’ ಎಂಬುದನ್ನು ಇಂದು ಶಾಂತ ಸ್ವಭಾವದವಳು ಎಂದು ಪೂರ್ತಿ ಸಂಸ್ಕೃತವಾಗಿ ಓದಲಾಗುತ್ತದೆ. ವಿಷ್ಣುವರ್ಧನನ ತಾಯಿ ಏಚಲದೇವಿ, ಅವನ ಇನ್ನೊಬ್ಬ ರಾಣಿ ಬಮ್ಮಲದೇವಿ ಇವರ ಹೆಸರುಗಳ ಪಕ್ಕದಲ್ಲಿ ಶಾಂತಲದೇವಿಯನ್ನು ಇರಿಸಿದರೆ ‘ಅಲ’, ‘ಅಲೆ’ ಎಂಬುದು ಆ ಕಾಲದ ಕನ್ನಡ ಸ್ತ್ರೀನಾಮಗಳ ಅಂತ್ಯವೆಂಬುದು ಎದ್ದು ಕಾಣುತ್ತದೆ. ಅತ್ತಿಮಬ್ಬೆಯ ‘ಅಬ್ಬೆ’ಯ ಹಾಗೆ ಇದೂ ಒಂದು ಪದ್ಧತಿ. ಒಂದು ಹೆಸರನ್ನು ಒಂಟಿಯಾಗಿ ಬಿಡಿಸುವುದಕ್ಕಿಂತ ಅದರ ಸಮಕಾಲೀನ ಹೆಸರುಗಳ ಸಾಲಿನಲ್ಲಿ ನಿಲ್ಲಿಸಿ ನೋಡುವುದು ಫಲಪ್ರದ. ‘ಎಪಿಗ್ರಾಫಿಯಾ ಕರ್ನಾಟಿಕಾ’ ಸಂಪುಟಗಳ ವೀರಗಲ್ಲು, ಮಾಸ್ತಿಕಲ್ಲು, ದತ್ತಿಶಾಸನಗಳು ಇದಕ್ಕೆ ಒದಗಿಸುವ ಸಾಮಗ್ರಿಯನ್ನು ಯಾವ ನಾಮಕೋಶವೂ ಈವರೆಗೆ ಬಳಸಿಕೊಂಡಂತೆ ತೋರುವುದಿಲ್ಲ.

ಜನಪದರ ಹೆಸರುಗಳ ಕ್ಷೇತ್ರಕ್ಕೆ ಬಂದಾಗ ನಿಘಂಟು ಬಹುಮಟ್ಟಿಗೆ ಮೌನವಾಗುತ್ತದೆ, ಇಲ್ಲವೆ ದಾರಿ ತಪ್ಪಿಸುತ್ತದೆ. ಶಿಕಾರಿಪುರದ ಸುತ್ತಲಿನ ‘ಹುಚ್ಚರಾಯಪ್ಪ’ನನ್ನು ನಿಘಂಟಿನ ‘ಹುಚ್ಚು’ ಪದದಿಂದ ವಿವರಿಸಿದರೆ ಅದು ಅವಮಾನವಾಗುತ್ತದೆ, ಜೊತೆಗೆ ತಪ್ಪೂ ಆಗುತ್ತದೆ. ಆ ಊರಿನ ಆಂಜನೇಯ ಹುಚ್ಚರಾಯಸ್ವಾಮಿ. ಸಂಸ್ಕೃತೀಕರಿಸಿದ ಹೆಸರು ಭ್ರಾಂತೇಶ. ಕದರಮಂಡಲಗಿಯ ಕಾಂತೇಶ, ಸಾತೇನಹಳ್ಳಿಯ ಶಾಂತೇಶರೊಡನೆ ಸೇರಿ ಈ ಮೂವರು ಹನುಮರ ಒಂದು ಕ್ಷೇತ್ರಮಾಲೆಯಿದೆ. ಆದ್ದರಿಂದ ಆ ಸೀಮೆಯಲ್ಲಿ ‘ಕಾಂತೇಶ’ ಎಂಬ ಹೆಸರನ್ನು ಕಾಂತ, ಈಶ ಎಂದು ಬಿಡಿಸಿ ಪ್ರಿಯರ ಒಡೆಯನೆಂದೋ ಶಿವನೆಂದೋ ಹೇಳುವುದು ವ್ಯಾಕರಣಕ್ಕೆ ಹೊಂದಬಹುದು. ಹೆಸರಿಟ್ಟ ಮನೆಯವರು ಹೊತ್ತ ಹರಕೆಗೆ ಹೊಂದುವುದಿಲ್ಲ. ಹೆಸರು ಇಲ್ಲಿ ಗುಣವನ್ನು ಹೇಳುತ್ತಿಲ್ಲ, ಒಂದು ಗುಡಿಯ ದಿಕ್ಕನ್ನು ತೋರಿಸುತ್ತಿದೆ. ಮಾದಪ್ಪ, ಮೈಲಾರಪ್ಪ, ನಂಜುಂಡ, ಎಲ್ಲಮ್ಮ, ಚೆಲುವಯ್ಯ ಮುಂತಾದ ಹೆಸರುಗಳನ್ನು ನಕ್ಷೆಯ ಮೇಲೆ ಗುರುತಿಸಿದರೆ ಮಾದೇಶ್ವರನ ಬೆಟ್ಟ, ಮೈಲಾರ, ನಂಜನಗೂಡು, ಸವದತ್ತಿ, ಮೇಲುಕೋಟೆಗಳ ಒಕ್ಕಲಿನ ಎಲ್ಲೆಗಳು ತಾವಾಗಿ ಮೂಡಬಲ್ಲವು.

ಈ ಸಂದರ್ಭದಲ್ಲಿ ‘ತಿಪ್ಪೇಸ್ವಾಮಿ’ ಮತ್ತು ‘ಟಿಪ್ಪು’ ಎಂಬ ಎರಡು ಹೆಸರುಗಳನ್ನು ಒಟ್ಟಿಗೆ ನೋಡುವುದು ಉಪಯುಕ್ತ. ಟಿಪ್ಪು ಎಂದರೆ ಕನ್ನಡದಲ್ಲಿ ಹುಲಿ ಎಂಬ ಹೇಳಿಕೆ ಆಂಗ್ಲರ ಬರಹಗಳಲ್ಲಿ ಬಹುಕಾಲ ಓಡಾಡಿತು. ಕನ್ನಡದ ಹುಲಿಗೆ ಅಂತಹ ಹೆಸರಿಲ್ಲವೆಂದು ಯಾವ ಕನ್ನಡಿಗನಾದರೂ ಹೇಳಬಹುದಿತ್ತು, ಕೇಳಿದವರಿಲ್ಲ. ಹುಲಿಯ ಚಿಹ್ನೆಗಳನ್ನು ಬಳಸಿದ ಅರಸನಿಗೆ ಹುಲಿ ಎಂಬ ಅರ್ಥವೇ ಇರಬೇಕೆಂಬ ಊಹೆ ವ್ಯುತ್ಪತ್ತಿಯ ವೇಷ ತೊಟ್ಟಿತು. ಇತಿಹಾಸಕಾರರು ಸಾಮಾನ್ಯವಾಗಿ ಒಪ್ಪಿರುವಂತೆ ಆ ಹೆಸರು ಆರ್ಕಾಟಿನ ಸಂತ ಟಿಪ್ಪು ಮಸ್ತಾನ್ ಔಲಿಯಾ ಅವರಿಂದ ಬಂದುದು. ಚಿತ್ರದುರ್ಗ ಜಿಲ್ಲೆಯ ತಿಪ್ಪೇಸ್ವಾಮಿ, ತಿಪ್ಪೇರುದ್ರಪ್ಪ, ತಿಪ್ಪಮ್ಮರ ಹೆಸರುಗಳೂ ನಾಯಕನಹಟ್ಟಿಯ ಸಂತ ತಿಪ್ಪೇರುದ್ರಸ್ವಾಮಿಯವರಿಂದ ಬಂದವು. ಎರಡು ಹೆಸರುಗಳ ನಡುವೆ ಭಾಷಿಕ ಸಂಬಂಧವನ್ನು ಹುಡುಕುವ ಅಗತ್ಯವಿಲ್ಲ. ಹೋಲಿಕೆ ಇರುವುದು ಹೆಸರಿಡುವ ಕ್ರಮದಲ್ಲಿ: ಎರಡು ಕಡೆಯೂ ಸಂತನಿಂದ ಮಗುವಿಗೆ ಹೆಸರು ಸಂದಿದೆ, ಎರಡು ಕಡೆಯೂ ಪದಾರ್ಥವನ್ನು ಹುಡುಕಿದವರು ಸಂತನನ್ನು ಕಾಣದೆ ಹೋದರು.

ಆದರೆ ‘ತಿಪ್ಪ’ದ ಕಥೆ ಅಲ್ಲಿಗೇ ಮುಗಿಯುವುದಿಲ್ಲ. ಹುಟ್ಟಿದ ಮಕ್ಕಳು ಉಳಿಯದ ಮನೆಯಲ್ಲಿ ಮುಂದಿನ ಕೂಸನ್ನು ತಿಪ್ಪೆಯ ಮೇಲಿಟ್ಟು ಎತ್ತಿಕೊಂಡು ತಿಪ್ಪ, ತಿಪ್ಪವ್ವ ಎಂದು ಕರೆಯುವ ರೂಢಿ ನಾಡಿನ ಹಲವೆಡೆ ಇತ್ತು. ಗುಂಡ, ಕಲ್ಲ, ಅಡವೆಪ್ಪ ಎಂಬ ಹೆಸರುಗಳಲ್ಲಿಯೂ ಎಷ್ಟೋ ಇದೇ ಬಗೆಯವು. ಮೃತ್ಯುವಿನ ಕಣ್ಣಿಗೆ ಬೇಡವಾದ ವಸ್ತುವಿನಂತೆ ಕಾಣಲಿ ಎಂಬುದು ಆಶಯ. ‘ಮಾರ’ ಎಂಬ ಹೆಸರು ಒಂದು ಮನೆಯಲ್ಲಿ ಮಾರಮ್ಮನ ಹರಕೆಯಾಗಿದ್ದರೆ ಇನ್ನೊಂದು ಮನೆಯಲ್ಲಿ ಕೂಸನ್ನು ಶಾಸ್ತ್ರಕ್ಕಾಗಿ ಮಾರಿ ಮರಳಿ ಪಡೆದುದರ ಗುರುತಾಗಿರಬಹುದು. ಎರಡರ ಅಕ್ಷರಗಳೂ ಒಂದೇ. ಪಂಜಾಬಿನ ಹೆಸರುಗಳನ್ನು ಕುರಿತು 1883ರಲ್ಲಿ ಪ್ರಬಂಧ ಪ್ರಕಟಿಸಿದ ರಿಚರ್ಡ್ ಟೆಂಪಲ್ ಇಂತಹ ನಿಂದಾಸೂಚಕ ಹೆಸರುಗಳನ್ನು ಒಂದು ಪ್ರತ್ಯೇಕ ವರ್ಗವಾಗಿಯೇ ಗುರುತಿಸಿದ. ಮೂರು ಕವಡೆಗೆ ಕೊಂಡ ಮಗು ಎಂಬ ಬಂಗಾಳದ ‘ತಿನ್‌ಕಡಿ’ಯೂ ಈ ಬಳಗದ್ದೇ. ಇಂತಹ ಹೆಸರನ್ನು ನಾಮಕೋಶಗಳು ಸೇರಿಸುವುದಿಲ್ಲ. ಶಾಲೆಗೆ ಸೇರಿಸುವ ದಿನ ಕಲ್ಲವ್ವ ಕಲಾವತಿಯಾದಾಗ ಸೇರ್ಪಡೆಯ ಪುಸ್ತಕದಲ್ಲಿ ಉಳಿಯುವುದು ಹೊಸ ಹೆಸರಿನ ಹೊಸ ಅರ್ಥ. ಆಕೆಗಿಂತ ಮೊದಲು ಹುಟ್ಟಿ ತೀರಿಕೊಂಡ ಕೂಸುಗಳ ಏಕೈಕ ದಾಖಲೆ ಆಕೆಯ ಹಳೆಯ ಹೆಸರಾಗಿತ್ತು.

ಜಾನಪದ ಅಧ್ಯಯನ ಈ ಹಂತದಲ್ಲಿ ತನ್ನನ್ನೂ ವಿಮರ್ಶೆಗೆ ಒಡ್ಡಿಕೊಳ್ಳಬೇಕು. ಒರಟು ಹೆಸರುಗಳೆಲ್ಲವನ್ನೂ ತಾಯ್ತನದ ರಕ್ಷಣೋಪಾಯವೆಂದು ವಿವರಿಸಿ ಮುಗಿಸುವ ಒಲವು ಈ ಶಿಸ್ತಿನಲ್ಲಿ ಪ್ರಬಲವಾಗಿದೆ. ಮನುಸ್ಮೃತಿಯ ಎರಡನೆಯ ಅಧ್ಯಾಯ ಬ್ರಾಹ್ಮಣನ ಹೆಸರು ಮಂಗಳವನ್ನೂ ಕ್ಷತ್ರಿಯನದು ಬಲವನ್ನೂ ವೈಶ್ಯನದು ಧನವನ್ನೂ ಸೂಚಿಸಬೇಕೆಂದು ಹೇಳಿ, ಶೂದ್ರನದು ಜುಗುಪ್ಸೆಯನ್ನು ಸೂಚಿಸಬೇಕೆನ್ನುತ್ತದೆ. ಹಳ್ಳಿಗಳಲ್ಲಿ ಕೆಳಜಾತಿಯವರು ಮೇಲುಜಾತಿಯವರ ಹೆಸರನ್ನು ತಮ್ಮ ಮಕ್ಕಳಿಗಿಟ್ಟರೆ ಹಂಗಿಸಿ, ಮೊಟಕುಗೊಳಿಸಿ, ಏಕವಚನಕ್ಕಿಳಿಸಿ ಕರೆಯುತ್ತಿದ್ದುದು ಆ ವಿಧಿಯ ಲೋಕರೂಪ. ಹಾಗಿರುವಾಗ ಒಂದೇ ‘ತಿಪ್ಪ’, ಒಂದೇ ‘ಕರಿಯ’ ಒಂದು ಕಡೆ ತಾಯಿಯ ಭಯದಿಂದಲೂ ಇನ್ನೊಂದು ಕಡೆ ಊರಿನ ತಿರಸ್ಕಾರದಿಂದಲೂ ಬಂದಿರಬಹುದು. ಶಬ್ದರೂಪ ಈ ಭೇದವನ್ನು ತೋರಿಸಲಾರದು, ವ್ಯುತ್ಪತ್ತಿಯೂ ತೋರಿಸಲಾರದು. ಮೊದಲನೆಯ ಹೆಸರನ್ನು ಕಳೆದುಕೊಂಡರೆ ಒಂದು ಮನೆಯ ನೆನಪು ಹೋಗುತ್ತದೆ. ಎರಡನೆಯದನ್ನು ಬದಲಿಸಿಕೊಂಡವನು ತನ್ನ ಮಾನವನ್ನು ಮರಳಿ ಪಡೆದಿದ್ದಾನೆ; ಅವನು ಆಯ್ದುಕೊಂಡ ಸಂಸ್ಕೃತ ಹೆಸರಿನ ವ್ಯಾಕರಣ ದೋಷವನ್ನು ಎತ್ತಿ ತೋರಿಸುವುದು ಪಾಂಡಿತ್ಯವೂ ಅಲ್ಲ, ಸೌಜನ್ಯವೂ ಅಲ್ಲ. ಸಂಸ್ಕೃತೀಕರಣವೆಂಬ ಒಂದೇ ಪದದಿಂದ ಎರಡನ್ನೂ ಹೆಸರಿಸಿದ ಅಧ್ಯಯನಗಳು ಮರುಪರಿಶೀಲನೆಗೆ ಅರ್ಹವಾಗಿವೆ.

ಹೆಸರಿನ ಮೂಲದ ನಿಷ್ಕೃಷ್ಟತೆಯನ್ನು ಪರೀಕ್ಷಿಸುವವರಿಗೆ ಹಾಗಾದರೆ ಆಧಾರ ಯಾವುದು? ಶಂಬಾ ಜೋಶಿಯವರ ಸ್ಥಳನಾಮ ವಿವೇಚನೆ, ಎಂ.ಎಂ. ಕಲಬುರ್ಗಿಯವರ ನಾಮವಿಜ್ಞಾನದ ಬರಹಗಳು ಕನ್ನಡದಲ್ಲಿ ದಾರಿ ಹಾಕಿವೆ. ತೋಡರ ಹೆಸರುಗಳನ್ನು ಕುರಿತು 1938ರಲ್ಲಿ, ಕೊಡವರ ಹೆಸರುಗಳನ್ನು ಕುರಿತು 1976ರಲ್ಲಿ ಬರೆದ ಎಮೆನೋ ಒಂದು ಸಮುದಾಯದ ಹೆಸರುಗಳನ್ನು ಆ ಸಮುದಾಯದ ಒಳಗಿಟ್ಟೇ ಓದಿದರು. ವ್ಯುತ್ಪತ್ತಿ ಕೋಶದ ಕರ್ತೃವೇ ಕೋಶವನ್ನು ಬದಿಗಿಟ್ಟು ಜನರ ಬಳಿಗೆ ಹೋದದ್ದು ಗಮನಾರ್ಹ. ಉತ್ತರ ಕರ್ನಾಟಕದ ತೊಟ್ಟಿಲ ಶಾಸ್ತ್ರದಲ್ಲಿ ಕೂಸಿನ ಕಿವಿಯಲ್ಲಿ ಹೆಸರನ್ನು ಉಸುರುವವಳು ಸೋದರತ್ತೆ. ಆಗ ಸುತ್ತಲಿನ ಹೆಂಗಸರು ಆಕೆಯ ಬೆನ್ನಿಗೆ ಗುದ್ದುತ್ತಾರೆ. ಹೆಸರು ಯಾವ ಅಜ್ಜನದು, ಯಾವ ದೇವರದು, ಯಾವ ಹರಕೆಯದು ಎಂದು ಬಲ್ಲವಳು ಆಕೆ. ಅಜ್ಜನ ಹೆಸರನ್ನೇ ಮೊಮ್ಮಗನಿಗೆ ಇಟ್ಟ ಮನೆಯಲ್ಲಿ ಸೊಸೆ ಮಾವನ ಹೆಸರನ್ನು ಬಾಯಿಬಿಟ್ಟು ಹೇಳಲಾರದೆ ಮಗನನ್ನು ಪುಟ್ಟ ಎಂದೋ ಅಪ್ಪ ಎಂದೋ ಕರೆಯುತ್ತಾಳೆ. ಅಲ್ಲಿ ಆ ಹೆಸರಿನ ಅರ್ಥ ಅಜ್ಜ. ‘ನಿಮ್ಮ ಹೆಸರಿನ ಅರ್ಥವೇನು’ ಎಂಬ ಪ್ರಶ್ನಾವಳಿಯ ಪ್ರಶ್ನೆಗೆ ಪುಸ್ತಿಕೆಯ ಉತ್ತರ ದೊರೆಯುತ್ತದೆ. ‘ಯಾರ ಹೆಸರು, ಯಾರು ಇಟ್ಟರು, ಮೊದಲು ಏನೆಂದು ಕರೆಯುತ್ತಿದ್ದರು’ ಎಂದು ಕೇಳಿದಾಗ ಮಾತ್ರ ಬೇರೆ ಉತ್ತರ ಹೊರಬರುತ್ತದೆ. 1969ರ ಜನನ ಮರಣ ನೋಂದಣಿ ಅಧಿನಿಯಮ ಹೆಸರಿಲ್ಲದೆಯೇ ಜನನವನ್ನು ನೋಂದಾಯಿಸಿ ಹೆಸರನ್ನು ಆಮೇಲೆ ಸೇರಿಸಲು ಅವಕಾಶ ನೀಡಿದೆ. ಆ ದಾಖಲೆಯಲ್ಲಿ ಹೆಸರಿಗೆ ಸ್ಥಳವಿದೆ, ಕಾರಣಕ್ಕಿಲ್ಲ.

ಬೆಂಗಳೂರು ದಕ್ಷಿಣ (ಹಿಂದಿನ ರಾಮನಗರ) ಜಿಲ್ಲೆಯ ಭದ್ರಾಪುರದ ಹಕ್ಕಿಪಿಕ್ಕಿ ಜನರಲ್ಲಿ ಹೈಕೋರ್ಟ್, ಕಾಫಿ, ಇಂಗ್ಲಿಷ್ ಮುಂತಾದ ಹೆಸರುಗಳಿರುವುದನ್ನು ಪತ್ರಿಕೆಗಳು ಪದೇ ಪದೇ ವಿನೋದವಾಗಿ ವರದಿ ಮಾಡಿವೆ. ಕಂಡ ವಸ್ತುವಿನಿಂದ, ನಡೆದ ಘಟನೆಯಿಂದ ಹೆಸರು ಪಡೆಯುವ ಕ್ರಮದಲ್ಲಿ ನಗುವಂಥದೇನೂ ಇಲ್ಲ. ಅದಕ್ಕೆ ಹಳೆಯ ಸಾಕ್ಷ್ಯವೊಂದು ಬಳ್ಳಾರಿಯೂ ಸೇರಿದಂತಿದ್ದ ದತ್ತ ಮಂಡಲಗಳಲ್ಲಿದೆ. 1800ರಿಂದ 1807ರವರೆಗೆ ಅಲ್ಲಿ ಪ್ರಧಾನ ಕಲೆಕ್ಟರನಾಗಿದ್ದ ಥಾಮಸ್ ಮನ್ರೋ 1827ರಲ್ಲಿ ಪತ್ತಿಕೊಂಡದಲ್ಲಿ ಕಾಲರಾ ತಗುಲಿ ತೀರಿಕೊಂಡ. ಆ ಸೀಮೆಯ ರೈತರು ತಮ್ಮ ಗಂಡುಮಕ್ಕಳಿಗೆ ‘ಮನ್ರೋಲಪ್ಪ’ ಎಂದು ಹೆಸರಿಟ್ಟರು. ಕಿಟೆಲ್ಲರ 1894ರ ನಿಘಂಟಿನಲ್ಲಾಗಲಿ ಅಮರಕೋಶದಲ್ಲಾಗಲಿ ಆ ಪದವಿಲ್ಲ, ಯಾವ ನಕ್ಷತ್ರಪಾದದ ಪಟ್ಟಿಯೂ ಅದನ್ನು ಸೂಚಿಸುವುದಿಲ್ಲ. ಅದರ ಮೂಲ ಮಾತ್ರ ವ್ಯಕ್ತಿ, ಸೀಮೆ, ಕಾಲಗಳೊಡನೆ ತಿಳಿದಿದೆ.